ದೇಹವಿಲ್ಲದ ಗ್ರಹ

ಒಂದು ಬೆಳಗು

ಬಂಟ್ವಾಳದಿಂದ ಮೂಡುಬಿದಿರೆಗೆ ಹೋಗುವ ಮಾರ್ಗದಲ್ಲಿ ಸಿದ್ಧಕಟ್ಟೆಯ ಪೇಟೆಯನ್ನು ದಾಟಿ, ಡಾಮರು ರಸ್ತೆಯನ್ನು ಬಿಟ್ಟು, ಅಡಿಕೆತೋಟಗಳ ನಡುವಿನ ಇಳಿಜಾರಿನಲ್ಲಿ ಕಾಲುಹಾದಿ ಹಿಡಿದು ನಡೆದರೆ ಸಿಗುವ ನಮ್ಮ ಬಂಧುಗಳೊಬ್ಬರ ಹಳೆಯ ಹೆಂಚಿನ ಮನೆಯಲ್ಲಿ, 2019ರ ಡಿಸೆಂಬರ್ 26ರ ಗುರುವಾರ ಬೆಳಗಿನ ಹೊತ್ತು ನಾನಿದ್ದೆನು. ಅಂಗಳದ ತುಂಬ ಚಾಲಿಗೆಂದು ಹರಡಿದ ಹಣ್ಣಡಿಕೆ ಕೆಂಬಣ್ಣದ ಹಾಸಿನಂತೆ ಬಿದ್ದುಕೊಂಡಿತ್ತು. ಅದನ್ನು ಕಾಲಿನಿಂದ ಕೆದಕಿ ಮಗುಚಲು ಆ ಹೊತ್ತಿಗೆ ಅಲ್ಲಿರಬೇಕಾಗಿದ್ದವರು ಯಾರೂ ಇರಲಿಲ್ಲ. ಒಲೆಯ ಬೆಂಕಿ ಆರಿತ್ತು. ಉಪ್ಪಿನಕಾಯಿಯ ಭರಣಿಯ ಮೇಲೆ, ಹಾಲಿನ ಪಾತ್ರೆಯ ಮೇಲೆ, ಕುಡಿಯುವ ನೀರಿನ ಕೊಡದ ಮೇಲೆ ಒಂದೊಂದು ದರ್ಭೆ ಅಡ್ಡಲಾಗಿ ಬಿದ್ದಿತ್ತು. ಚಾವಡಿಯ ನಡುವೆ ನೀರು ತುಂಬಿದ ಹಿತ್ತಾಳೆಯ ಹರಿವಾಣದಲ್ಲಿ, ತುಳುವಿನಲ್ಲಿ ಉಜ್ಜೇರು ಎಂದು ಕರೆಯುವ ಒನಕೆಯೊಂದು ಯಾರ ಆಸರೆಯೂ ಇಲ್ಲದೆ ನೆಟ್ಟಗೆ ನಿಂತಿತ್ತು. ಒಳಕೋಣೆಯ ಕಿಟಕಿಗಳನ್ನೆಲ್ಲ ಮುಚ್ಚಿ, ಅದರ ಕತ್ತಲಲ್ಲಿ ಆ ಮನೆಯ ಸೊಸೆಯನ್ನು, ಆರು ತಿಂಗಳ ಬಸುರಿಯನ್ನು, ಚೂರಿ ಕತ್ತರಿ ಸೂಜಿಗಳಾವುವನ್ನೂ ಮುಟ್ಟದಂತೆ, ಕೈಕಾಲು ಮಡಚದಂತೆ ಮಲಗಿಸಿದ್ದರು.

"ಮಗಾ, ಮೋಕ್ಷ ಆಗುವ ತನಕ ಅಂಗಳಕ್ಕೆ ಇಳಿಯಬೇಡ, ನನ್ನದೊಂದು ಮಾತು ಕೇಳು" ಎಂದು ಹೊಸ್ತಿಲ ಬಳಿ ಕುಳಿತಿದ್ದ ದೊಡ್ಡಮ್ಮ ಅಂದರು. ಅವರ ದನಿಯಲ್ಲಿ ಕಾತರ ತುಂಬಿತ್ತು. ಗೋಡೆಯಲ್ಲಿ ತೂಗುತ್ತಿದ್ದ ಪಂಚಾಂಗದ ಪ್ರಕಾರ ಆ ದಿನದ್ದು ಕೇತುಗ್ರಸ್ತ ಕಂಕಣ ಸೂರ್ಯಗ್ರಹಣ. ಎಂಟು ಗಂಟೆಯ ಸುಮಾರಿಗೆ ಸ್ಪರ್ಶ, ಒಂಬತ್ತೂವರೆಯ ಒಳಗೆ ಮಧ್ಯ, ಹನ್ನೊಂದರ ಹೊತ್ತಿಗೆ ಮೋಕ್ಷ. ಕಾಸರಗೋಡು ಮಂಗಳೂರುಗಳಲ್ಲಿ ಸೂರ್ಯನು ಬಂಗಾರದ ಬಳೆಯಂತೆ ಕಾಣಿಸಲಿದ್ದನು. ನಾವಿದ್ದಲ್ಲಿಯೂ ಅವನ ಬಹುಭಾಗ ಮುಚ್ಚಿಹೋಗಲಿತ್ತು.

ಆ ಮೂರು ಗಂಟೆಗಳ ಕಾಲ ನನ್ನನ್ನು ಕಾಡಿದ ಪ್ರಶ್ನೆಯೇ ಈ ಅಧ್ಯಾಯದ ವಸ್ತು. ಸೂರ್ಯನನ್ನು ಹಿಡಿದನೆಂದು ಪಂಚಾಂಗ ಹೇಳುವ ಈ ಕೇತುವಿಗೆ ದೇಹವಿಲ್ಲ, ತೂಕವಿಲ್ಲ, ಬೆಳಕಿಲ್ಲ. ಎಷ್ಟು ದೊಡ್ಡ ದೂರದರ್ಶಕವನ್ನು ತಿರುಗಿಸಿದರೂ ಅವನಾಗಲಿ ಅವನ ಜೊತೆಗಾರನಾದ ರಾಹುವಾಗಲಿ ಯಾರ ಕಣ್ಣಿಗೂ ಬೀಳುವವರಲ್ಲ. ಗುರುವಿನಂಥ ಮಹಾಗ್ರಹವೂ, ಭೂಮಿಯ ಮುನ್ನೂರು ಪಟ್ಟಿಗೂ ಮಿಕ್ಕಿದ ತೂಕವನ್ನು ಹೊತ್ತುಕೊಂಡೂ, ಅಂಗಳದ ಒಂದು ಅಡಿಕೆಯನ್ನು ಕೂದಲೆಳೆಯಷ್ಟು ಕದಲಿಸಲಾರದು. ಹೀಗಿರುವಲ್ಲಿ, ಇಲ್ಲವೇ ಇಲ್ಲದ ಗ್ರಹವೊಂದು ಒಂದು ಮನೆಯ ಒಲೆಯನ್ನು ಆರಿಸಿ, ಕಿಟಕಿಗಳನ್ನು ಮುಚ್ಚಿಸಿ, ಗಟ್ಟಿ ಮನಸ್ಸಿನ ಹೆಂಗಸೊಬ್ಬಳನ್ನು ಹೊಸ್ತಿಲಲ್ಲಿ ಕೂರಿಸಿ, ಇನ್ನೊಬ್ಬಳನ್ನು ಕತ್ತಲಲ್ಲಿ ಅಲುಗದಂತೆ ಮಲಗಿಸಿದ್ದಿತಲ್ಲ, ಆ ಬಲ ಎಲ್ಲಿಂದ ಬಂದಿತು?

ಕಥೆಯಿಂದ ಗಣಿತಕ್ಕೆ

ಅಮೃತವನ್ನು ಹಂಚುವ ಪಂಕ್ತಿಯಲ್ಲಿ ವೇಷ ಮರೆಸಿ ಕುಳಿತ ಸ್ವರ್ಭಾನುವೆಂಬ ಅಸುರನನ್ನು ಸೂರ್ಯಚಂದ್ರರು ತೋರಿಸಿಕೊಟ್ಟ ಕಥೆಯನ್ನೂ, ವಿಷ್ಣುವಿನ ಚಕ್ರ ಅವನನ್ನು ರಾಹುಕೇತುಗಳೆಂದು ಎರಡಾಗಿ ಕಡಿದ ಕಥೆಯನ್ನೂ ನಮ್ಮ ನಾಡಿನ ಮಕ್ಕಳು ಯಕ್ಷಗಾನದ ರಂಗಸ್ಥಳದ ಮುಂದೆ ಕುಳಿತೇ ಕಲಿತಿರುತ್ತಾರೆ. ಸಿದ್ಧಕಟ್ಟೆಗೆ ಹತ್ತಿರದ ಮೂಡುಬಿದಿರೆಯ ಬಸದಿಗಳಲ್ಲಿ ಬಾಳಿಬಂದ ಜೈನ ಲೋಕಶಾಸ್ತ್ರದಲ್ಲಿ ಇದೇ ಸಂಗತಿ ಬೇರೊಂದು ರೂಪವನ್ನು ತಳೆದಿದೆ. ಅಲ್ಲಿ ರಾಹುವಿನದು ಒಂದು ಕಪ್ಪು ವಿಮಾನ. ಅದು ಚಂದ್ರನ ಕೆಳಗೆ ಚಲಿಸುತ್ತ ಪಕ್ಷಗಳ ವೃದ್ಧಿಕ್ಷಯಗಳನ್ನು ಉಂಟುಮಾಡುತ್ತದೆ, ಮತ್ತು ಆರು ತಿಂಗಳ ಕೊನೆಯ ಪರ್ವಗಳಲ್ಲಿ ಗ್ರಹಣವಾಗುತ್ತದೆ. ಈ ಆರು ತಿಂಗಳೆಂಬ ಮಾತನ್ನು ಓದುಗರು ನೆನಪಿನಲ್ಲಿಡಬೇಕು. ಕಥೆಯೊಳಗೆ ಅಡಗಿ ಕುಳಿತ ಒಂದು ಶುದ್ಧವಾದ ವೀಕ್ಷಣೆ ಅದು.

ಕ್ರಿಸ್ತಶಕ 499ರಲ್ಲಿ, ತನ್ನ ಇಪ್ಪತ್ತಮೂರನೆಯ ವಯಸ್ಸಿನಲ್ಲಿ ಆರ್ಯಭಟನು, ಚಂದ್ರನು ಸೂರ್ಯನನ್ನು ಮುಚ್ಚುವುದೇ ಸೂರ್ಯಗ್ರಹಣ, ಭೂಮಿಯ ಮಹಾಛಾಯೆ ಚಂದ್ರನನ್ನು ಮುಚ್ಚುವುದೇ ಚಂದ್ರಗ್ರಹಣ ಎಂದು ಸಂದಿಗ್ಧವಿಲ್ಲದೆ ಹೇಳಿದನು. ಆರನೆಯ ಶತಮಾನದ ವರಾಹಮಿಹಿರನು ಬೃಹತ್ಸಂಹಿತೆಯ ರಾಹುಚಾರವೆಂಬ ಅಧ್ಯಾಯದಲ್ಲಿ ಅಸುರನ ದೇಹವೆಂಬುದು ಯುಕ್ತಿಗೆ ಹೊಂದದೆಂದು ವಾದಿಸಿದನು. ಆದರೆ 628ರಲ್ಲಿ ಬ್ರಹ್ಮಗುಪ್ತನು ಇವರು ಶ್ರುತಿಸ್ಮೃತಿಗಳಿಗೆ ವಿರುದ್ಧವಾಗಿ ನಡೆಯುವರೆಂದು ಆಕ್ಷೇಪಿಸಿದನು. ಆಶ್ಚರ್ಯವೆಂದರೆ, ಹಾಗೆ ಆಕ್ಷೇಪಿಸಿದ ಅದೇ ಗ್ರಂಥದಲ್ಲಿ ಅವನು ಗ್ರಹಣವನ್ನು ಗಣಿಸಿದ್ದು ಛಾಯೆಯ ವ್ಯಾಸವನ್ನೂ ಚಂದ್ರನ ವ್ಯಾಸವನ್ನೂ ಹಿಡಿದೇ. ನಾಲ್ಕು ಶತಮಾನಗಳ ತರುವಾಯ ಭಾರತವನ್ನು ಕುರಿತು ಬರೆದ ಅಲ್ ಬಿರೂನಿ ಈ ಇಬ್ಬಂದಿಯನ್ನು ಗಮನಿಸಿ, ಅಂಥ ಬುದ್ಧಿವಂತನು ಹೀಗೆ ಬರೆಯಬೇಕಾದರೆ ಸಾಕ್ರಟೀಸನಿಗೆ ಒದಗಿದಂಥ ವಿಪತ್ತಿನ ಅಂಜಿಕೆ ಅವನಿಗೆ ಇದ್ದಿರಬೇಕೆಂದು ಊಹಿಸಿದನು. ಊಹೆ ನಿಜವೋ ಅಲ್ಲವೋ, ಮಾತಿನಲ್ಲಿ ಉಳಿದುಕೊಂಡ ರಾಹು ಲೆಕ್ಕದಲ್ಲಿ ಆಗಲೇ ದೇಹವನ್ನು ಕಳೆದುಕೊಂಡಿದ್ದನೆಂಬುದು ಮಾತ್ರ ನಿಶ್ಚಯ.

ಹಾಗಾದರೆ ದೇಹ ಕಳೆದುಕೊಂಡ ಮೇಲೆ ಉಳಿದುದೇನು? ಬುಟ್ಟಿ ಹೆಣೆಯುವವರು ಬುಟ್ಟಿಯ ಬಾಯಿಗೆ ಕಟ್ಟುವಂಥ ಬಿದಿರಿನ ಬಳೆಗಳೆರಡನ್ನು ಕೈಗೆತ್ತಿಕೊಂಡು, ಒಂದನ್ನು ಮಟ್ಟಸವಾಗಿ ಹಿಡಿದು, ಇನ್ನೊಂದನ್ನು ಅದರೊಳಗೆ ತುಸು ವಾಲಿಸಿ ಇಟ್ಟುಕೊಳ್ಳಿ. ಮಟ್ಟಸವಾದ ಬಳೆ ಸೂರ್ಯನು ವರ್ಷಕ್ಕೊಮ್ಮೆ ಸುತ್ತಿಬರುವಂತೆ ನಮಗೆ ತೋರುವ ಕ್ರಾಂತಿವೃತ್ತ. ವಾಲಿದ ಬಳೆ ಚಂದ್ರನು ಇಪ್ಪತ್ತೇಳು ದಿನಗಳಲ್ಲಿ, ಮೇಲೆ ಕೆಲವು ಗಂಟೆಗಳಲ್ಲಿ, ಸುತ್ತಿ ಮುಗಿಸುವ ದಾರಿ. ವಾಲಿಕೆ ಸುಮಾರು 5 ಡಿಗ್ರಿ. ಎರಡೂ ಬಳೆಗಳು ಒಂದನ್ನೊಂದು ದಾಟುವುದು ಎರಡೇ ಎಡೆಗಳಲ್ಲಿ, ಮತ್ತು ಆ ಎರಡೆಡೆಗಳು ಯಾವಾಗಲೂ ಎದುರುಬದುರು. ಚಂದ್ರನು ಬಡಗಣಕ್ಕೆ ಏರುತ್ತ ದಾಟುವ ಬಿಂದುವೇ ರಾಹು. ತೆಂಕಣಕ್ಕೆ ಇಳಿಯುತ್ತ ದಾಟುವ ಬಿಂದುವೇ ಕೇತು. ಇವಕ್ಕೆ ಪಾತಗಳೆಂದು ಶಾಸ್ತ್ರದ ಹೆಸರು. ಪ್ರತಿ ಅಮಾವಾಸ್ಯೆಗೂ ಗ್ರಹಣವಾಗದೆ ಇರುವುದಕ್ಕೆ ಕಾರಣವೂ ಇಲ್ಲಿಯೇ ಇದೆ. ಬಹುಪಾಲು ಅಮಾವಾಸ್ಯೆಗಳಲ್ಲಿ ಚಂದ್ರನು ಸೂರ್ಯನ ಮೇಲಾಗಿಯೋ ಕೆಳಗಾಗಿಯೋ ಹಾದುಹೋಗುತ್ತಾನೆ, ಸೂರ್ಯನು ಪಾತದ ಸಮೀಪವಿರುವಾಗ ಮಾತ್ರ ಅವನನ್ನು ಮುಚ್ಚುತ್ತಾನೆ. ಸೂರ್ಯನು ಒಂದು ಪಾತದಿಂದ ಇನ್ನೊಂದು ಪಾತಕ್ಕೆ ಬರಲು ಹಿಡಿಯುವ ಕಾಲ ಸುಮಾರು 173 ದಿನ, ಎಂದರೆ ಆರು ತಿಂಗಳಿಗೆ ತುಸು ಕಡಿಮೆ. ಬಸದಿಗಳ ಶಾಸ್ತ್ರಕಾರರು ಹೇಳಿದ ಆರು ತಿಂಗಳ ಪರ್ವ ಇದೇ.

ವಾಲಿದ ಬಳೆ ನಿಂತಲ್ಲಿಯೇ ನಿಲ್ಲುವುದಿಲ್ಲ. ಸೂರ್ಯನ ಸೆಳೆತದಿಂದಾಗಿ ಅದು ಮೆಲ್ಲಮೆಲ್ಲನೆ ಹಿಮ್ಮುಖವಾಗಿ ತಿರುಗುತ್ತ 18 ವರ್ಷ 7 ತಿಂಗಳಲ್ಲಿ ಒಂದು ಸುತ್ತನ್ನು ಪೂರೈಸುತ್ತದೆ. ರಾಹುಕೇತುಗಳು ಸದಾ ವಕ್ರಗತಿಯಲ್ಲಿರುವರೆಂದೂ, ಒಂದೊಂದು ರಾಶಿಯಲ್ಲಿ ಒಂದೂವರೆ ವರ್ಷ ನಿಲ್ಲುವರೆಂದೂ, ಒಬ್ಬನಿಗೆ ಇನ್ನೊಬ್ಬನು ಯಾವಾಗಲೂ ಏಳನೆಯ ಮನೆಯಲ್ಲಿರುವನೆಂದೂ ಜೋಯಿಸರು ಹೇಳುವುದೆಲ್ಲ ಈ ಬಳೆಯ ತಿರುಗುವಿಕೆಯ ವರ್ಣನೆಯೇ ಆಗಿದೆ. ನಮ್ಮ ತೆಂಕಣ ನೆರೆಯ ಮಲೆಯಾಳದಲ್ಲಿ, ನಿಳಾನದಿಯ ದಡದಲ್ಲಿದ್ದ ವಟಶ್ಶೇರಿಯ ಪರಮೇಶ್ವರನು ದಶಕದಿಂದ ದಶಕಕ್ಕೆ ಗ್ರಹಣಗಳನ್ನು ಕಣ್ಣಾರೆ ನೋಡಿ, ಗಣಿತಕ್ಕೂ ಆಕಾಶಕ್ಕೂ ಕಂಡುಬಂದ ಅಂತರವನ್ನು ತಿದ್ದಿ, 1431ರಲ್ಲಿ ದೃಗ್ಗಣಿತವೆಂಬ ಪದ್ಧತಿಯನ್ನು ನಿಲ್ಲಿಸಿದನು. ದೃಕ್ ಎಂದರೆ ಕಣ್ಣು; ಕಣ್ಣಿಗೆ ಒಪ್ಪುವ ಗಣಿತವೇ ದೃಗ್ಗಣಿತ. ಹೀಗಾಗಿ ಆ ಬೆಳಗಿನ ಗೋಡೆಯ ಪಂಚಾಂಗ ಕೇತುಗ್ರಸ್ತವೆಂದು ಹೇಳಿದಾಗ ಸುಳ್ಳನ್ನೇನೂ ಹೇಳಿರಲಿಲ್ಲ; ಚಂದ್ರನು ಆ ದಿನ ತೆಂಕಣಕ್ಕೆ ಇಳಿಯುವ ಪಾತದ ಬಳಿಯಲ್ಲಿದ್ದನು. ಗಣಿತದ ಮಾತನ್ನು ಗಣಿತಜ್ಞನು ಬಿಂದುವೆಂದು ಬರೆದನು. ಮನೆಯವರು ಅದನ್ನು ನುಂಗಲು ಬಂದ ಅಸುರನೆಂದು ಓದಿಕೊಂಡರು.

ಬೇಕಲದ ಕೋಟೆಯಲ್ಲಿ

ಈ ಬರಹ ಮತ್ತು ಓದುಗಳ ನಡುವಿನ ಅಂತರ ಬಯಲಿಗೆ ಬಂದ ಒಂದು ಬೆಳಗು ನಮ್ಮ ಜಿಲ್ಲೆಯ ಚರಿತ್ರೆಯಲ್ಲಿಯೇ ಉಂಟು. ಕಾಸರಗೋಡಿಗೆ ತೆಂಕಣದಲ್ಲಿರುವ ಬೇಕಲವು ಇಂದು ಕೇರಳದಲ್ಲಿದ್ದರೂ, 1956ರ ಭಾಷಾವಾರು ವಿಂಗಡಣೆಯ ಪರ್ಯಂತ ಅದು ದಕ್ಷಿಣ ಕನ್ನಡಕ್ಕೆ, ಅಂದರೆ ಬಂಟ್ವಾಳವೂ ಸಿದ್ಧಕಟ್ಟೆಯೂ ಸೇರಿದ ಜಿಲ್ಲೆಗೇ ಸೇರಿತ್ತು. 1871ರ ಡಿಸೆಂಬರ್ 12ರ ಬೆಳಗ್ಗೆ, ಸಮುದ್ರಕ್ಕೆ ಚಾಚಿಕೊಂಡ ಆ ಕೆಂಪುಕಲ್ಲಿನ ಕೋಟೆಯಲ್ಲಿ, ಇಂಗ್ಲೆಂಡಿನಿಂದ ಬಂದ ನಾರ್ಮನ್ ಲಾಕಿಯರ್ ಎಂಬ ವಿಜ್ಞಾನಿ ತನ್ನ ತಂಡದೊಡನೆ ಸಂಪೂರ್ಣ ಸೂರ್ಯಗ್ರಹಣವನ್ನು ಕಾಯುತ್ತಿದ್ದನು. ಮೂರು ವರ್ಷಗಳ ಹಿಂದೆ ಸೂರ್ಯನ ರೋಹಿತದಲ್ಲಿ ಭೂಮಿಯ ಮೇಲೆ ಯಾರೂ ಕಂಡಿರದ ಹಳದಿ ರೇಖೆಯೊಂದನ್ನು ಗುರುತಿಸಿ, ಮುಂದೆ ಹೀಲಿಯಮ್ ಎಂದು ಹೆಸರಾದ ಮೂಲವಸ್ತುವನ್ನು ಜಗತ್ತಿಗೆ ತೋರಿಸಿದವರಲ್ಲಿ ಅವನೂ ಒಬ್ಬನು. ಆಗ ನೆರೆದಿದ್ದ ಊರ ಜನ, ಸೂರ್ಯನನ್ನು ನುಂಗಹೊರಟ ರಾಹುವನ್ನು ಬೆದರಿಸಿ ಓಡಿಸುವ ಉದ್ದೇಶದಿಂದ ಒಣಗಿದ ಕುರುಚಲನ್ನು ಒಟ್ಟಿ ಬೆಂಕಿಯಿಕ್ಕಲು ತೊಡಗಿದರು. ಆ ಹೊಗೆ ಮೇಲೆದ್ದಿದ್ದರೆ ಸಮುದ್ರಗಳನ್ನು ದಾಟಿ ತಂದ ಉಪಕರಣಗಳ ಮುಂದೆ ಆಕಾಶವೇ ಮಸುಕಾಗುತ್ತಿತ್ತು. ಅಲ್ಲಿದ್ದ ಪೊಲೀಸರು ಬೆಂಕಿಯನ್ನು ನಂದಿಸಿದುದರಿಂದ ವೀಕ್ಷಣೆ ಉಳಿದುಕೊಂಡಿತು.

ಈ ಪ್ರಸಂಗವನ್ನು ಅಜ್ಞಾನಕ್ಕೂ ವಿಜ್ಞಾನಕ್ಕೂ ನಡೆದ ಜಗಳವೆಂದಷ್ಟೇ ಓದಿ ಮುಗಿಸಿದರೆ ಇದರ ತಿರುಳು ನಮಗೆ ದಕ್ಕುವುದಿಲ್ಲ. ಏಕೆಂದರೆ ಕೋಟೆಯ ಮೇಲೆ ನಿಂತವರ ಕಣ್ಣ ಮುಂದೆಯೂ ಇಲ್ಲದ ವಸ್ತುವೊಂದು ಸುಳಿದಾಡುತ್ತಿತ್ತು. ಸೂರ್ಯನ ಸುತ್ತಲಿನ ಪ್ರಭಾಮಂಡಲದ ರೋಹಿತದಲ್ಲಿ ಒಂದು ಹಸುರು ರೇಖೆ 1869ರ ಗ್ರಹಣದಲ್ಲಿ ಕಂಡುಬಂದಿತ್ತು; ಬೇಕಲದಲ್ಲಿ ಲಾಕಿಯರನು ಸೀಳುಗಂಡಿಯಿಲ್ಲದ ರೋಹಿತದರ್ಶಕದಿಂದ ಅದನ್ನು ಉಂಗುರದ ಆಕಾರದಲ್ಲಿ ಕಂಡನು. ತಿಳಿದಿದ್ದ ಯಾವ ಮೂಲವಸ್ತುವಿಗೂ ಆ ರೇಖೆ ಹೊಂದದ ಕಾರಣ, ಅದು ಕರೋನಿಯಮ್ ಎಂಬ ಹೊಸ ಮೂಲವಸ್ತುವಿನದೆಂದು ವಿದ್ವಾಂಸರು ಬಹುಕಾಲ ನಂಬಿದ್ದರು. ಎಪ್ಪತ್ತು ವರ್ಷಗಳ ತರುವಾಯ ಗ್ರೋಟ್ರಿಯನ್ ಮತ್ತು ಎಡ್ಲೆನ್ ಎಂಬವರ ಸಂಶೋಧನೆಯಿಂದ ತಿಳಿದುಬಂದುದೇನೆಂದರೆ, ಕರೋನಿಯಮ್ ಎಂಬುದು ಇಲ್ಲ. ಆ ಹಸುರು ನಮ್ಮ ಒನಕೆಯ ಅಣಸಿನಲ್ಲಿರುವ ಕಬ್ಬಿಣದ್ದೇ, ಹತ್ತು ಲಕ್ಷ ಡಿಗ್ರಿಗಳನ್ನು ಮೀರಿದ ತಾಪದಲ್ಲಿ ಹದಿಮೂರು ಎಲೆಕ್ಟ್ರಾನುಗಳನ್ನು ಕಳೆದುಕೊಂಡ ಕಬ್ಬಿಣದ್ದು. ಇಲ್ಲದ ಮೂಲವಸ್ತುವನ್ನು ಕಳೆದುಕೊಂಡ ವಿಜ್ಞಾನ, ಪ್ರಭಾಮಂಡಲದ ಊಹಾತೀತವಾದ ಬಿಸಿಯನ್ನು ಪಡೆದುಕೊಂಡಿತು. ಕಲ್ಪನೆ ಎರಡು ಕಡೆಯಲ್ಲಿಯೂ ಇತ್ತು. ಒಂದು ಕಡೆ ಅದು ಮತ್ತೆ ಮತ್ತೆ ನೋಡುವುದಕ್ಕೆ ಕಾರಣವಾಯಿತು, ಇನ್ನೊಂದು ಕಡೆ ಹೊಗೆಯೆಬ್ಬಿಸಿ ನೋಟವನ್ನೇ ಮುಚ್ಚಲು ಹೊರಟಿತು.

ಗ್ರಹಣಗಳಿಗೆ ವಂಶಾವಳಿಯೂ ಉಂಟೆಂಬುದು ಹಲವರಿಗೆ ತಿಳಿದಿರಲಾರದು. 18 ವರ್ಷ, 11 ದಿನ, 8 ಗಂಟೆಗಳಷ್ಟು ಕಾಲ ಕಳೆದರೆ ಸೂರ್ಯ, ಚಂದ್ರ, ಪಾತಗಳು ಮೂರೂ ಹೆಚ್ಚುಕಡಿಮೆ ಮೊದಲಿನ ಸ್ಥಾನಕ್ಕೆ ಬಂದು, ಮೊದಲಿನದನ್ನೇ ಹೋಲುವ ಗ್ರಹಣವೊಂದು ಸಂಭವಿಸುತ್ತದೆ. ಇದಕ್ಕೆ ಸಾರೋಸ್ ಚಕ್ರವೆಂದು ಹೆಸರು. ಮಿಕ್ಕ ಎಂಟು ಗಂಟೆಗಳಲ್ಲಿ ಭೂಮಿ ಮೂರನೆಯ ಒಂದು ಭಾಗ ತಿರುಗಿರುವುದರಿಂದ ಗ್ರಹಣ ಬೇರೊಂದು ಖಂಡಕ್ಕೆ ಜಾರುತ್ತದೆ, ಮೂರು ಚಕ್ರಗಳಾದ ಮೇಲೆ ಮತ್ತೆ ನಮ್ಮ ಕಡೆಗೆ ಬರುತ್ತದೆ. ಬೇಕಲದ ಗ್ರಹಣದಿಂದ ಐದನೆಯ ತಲೆ 1962ರ ಫೆಬ್ರವರಿ 5ರದು. ಆರನೆಯ ತಲೆ 1980ರ ಫೆಬ್ರವರಿ 16ರದು. ಮೂರೂ ಕೇತುಗ್ರಸ್ತವೇ.

1962ರ ಗ್ರಹಣ ನಮ್ಮ ಕರಾವಳಿಗೆ ಕಾಣಿಸಲಿಲ್ಲ, ನ್ಯೂಗಿನಿಯ ಕಡೆಗೆ ಸಂದಿತು. ಆದರೆ ಅದರ ಸುತ್ತ ಎದ್ದ ಭೀತಿ ದೇಶವನ್ನೆಲ್ಲ ಆವರಿಸಿತು. ಮಕರರಾಶಿಯಲ್ಲಿ ಅಷ್ಟಗ್ರಹಕೂಟವಾಗುವುದೆಂದೂ, ಅದರಿಂದ ಪ್ರಳಯವೇ ಒದಗುವುದೆಂದೂ ಸುದ್ದಿ ಹಬ್ಬಿ, ಊರೂರುಗಳಲ್ಲಿ ಯಜ್ಞಯಾಗಗಳು ನಡೆದವು. ಕೂಡಿದ್ದ ಎಂಟು ಗ್ರಹಗಳನ್ನು ಎಣಿಸಿ ನೋಡಿದರೆ, ಸೂರ್ಯ, ಚಂದ್ರ, ಕುಜ, ಬುಧ, ಗುರು, ಶುಕ್ರ, ಶನಿ ಎಂದು ಏಳಕ್ಕೆ ನಿಲ್ಲುತ್ತದೆ, ಎಂಟನೆಯವನು ಕೇತು. ಆ ಎಂಟನೆಯವನಿಲ್ಲದಿದ್ದರೆ ಅಷ್ಟಗ್ರಹವೆಂಬ ಹೆಸರೇ ಹುಟ್ಟುತ್ತಿರಲಿಲ್ಲ. ಫೆಬ್ರವರಿ 3ರಿಂದ 5ರ ತನಕದ ದಿನಗಳು ಬಂದವು, ಹೋದವು. ಸಮುದ್ರ ತನ್ನ ಎಲ್ಲೆಯಲ್ಲಿಯೇ ಉಳಿಯಿತು. 1980ರಲ್ಲಿ ಅದೇ ವಂಶದ ಗ್ರಹಣ ಕಾರವಾರ ಅಂಕೋಲೆಗಳ ಕರೆಯಲ್ಲಿ ನಾಡನ್ನು ಹೊಕ್ಕು, ಹುಬ್ಬಳ್ಳಿ ರಾಯಚೂರುಗಳ ಮೇಲೆ ಹಾದು, ಎರಡೂವರೆ ನಿಮಿಷ ಮೀರಿದ ಹಾಡುಹಗಲಿನ ನಕ್ಷತ್ರದರ್ಶನವನ್ನು ಕನ್ನಡ ನಾಡಿಗೆ ದಯಪಾಲಿಸಿತು. ಆ ಶನಿವಾರ ಅಪರಾಹ್ನ ಪಟ್ಟಣಗಳ ಬೀದಿಗಳೂ ಬಿಕೋ ಎನ್ನುತ್ತಿದ್ದವು. ಒಂದೆಡೆ ವಿಜ್ಞಾನಿಗಳು ಆ ಎರಡೂವರೆ ನಿಮಿಷಕ್ಕಾಗಿ ಬಿಡಾರ ಹೂಡಿದ್ದರು. ಇನ್ನೊಂದೆಡೆ ತಲೆಯೆತ್ತಿದರೆ ಕಾಣುತ್ತಿದ್ದ ಪ್ರಭಾಮಂಡಲವನ್ನು ಲಕ್ಷಾವಧಿ ಜನ ಬಾಗಿಲ ಹಿಂದೆ ಕುಳಿತು ಕಳೆದುಕೊಂಡರು. ಕೇತು ನಮ್ಮಿಂದ ಕಸಿದುಕೊಂಡದ್ದು ಏನಾದರೂ ಇದ್ದರೆ, ಅದು ಈ ದರ್ಶನ.

ನೋಡುವವನ ಕಣ್ಣು

ಇಲ್ಲದ ಗ್ರಹ ನಮ್ಮ ನಾಡಿನಲ್ಲಿ ಮಾತ್ರ ಹುಟ್ಟಿದುದಲ್ಲ, ಅದಕ್ಕೆ ಮರುಳಾದವರೆಲ್ಲ ಓದುಬರಹ ಬಾರದವರೂ ಅಲ್ಲ. ಫ್ರಾನ್ಸಿನ ಲ ವೆರಿಯೆ ಎಂಬ ಗಣಿತಜ್ಞನು ಯುರೇನಸ್ಸಿನ ನಡೆಯ ತೊಡಕನ್ನು ಲೆಕ್ಕ ಹಾಕಿ, ಕಾಣದ ಗ್ರಹವೊಂದು ಇಂಥಲ್ಲಿದೆಯೆಂದು ಹೇಳಿ, 1846ರಲ್ಲಿ ನೆಪ್ಚೂನನ್ನು ಕಾಗದದ ಮೇಲೆಯೇ ಕಂಡುಹಿಡಿದ ಮಹಾನುಭಾವನು. ಬುಧನ ನಡೆಯಲ್ಲಿಯೂ ಒಂದು ತೊಡಕಿತ್ತು. ಸೂರ್ಯನಿಗೆ ಬುಧನು ಅತಿ ಸಮೀಪವಾಗುವ ಬಿಂದು, ಗೊತ್ತಿದ್ದ ಕಾರಣಗಳಿಗಿಂತ ನೂರು ವರ್ಷಕ್ಕೆ ಸುಮಾರು 43 ವಿಕಲೆಗಳಷ್ಟು ಹೆಚ್ಚಾಗಿ ಸರಿಯುತ್ತದೆ. ಒಮ್ಮೆ ಫಲಿಸಿದ ಉಪಾಯವನ್ನೇ 1859ರಲ್ಲಿ ಮತ್ತೆ ಹೂಡಿ, ಬುಧನಿಗಿಂತಲೂ ಒಳಗೆ ಸುತ್ತುವ ಗ್ರಹವೋ ಗ್ರಹಗಳ ಗುಂಪೋ ಇದೆಯೆಂದು ಲ ವೆರಿಯೆ ಸಾರಿದನು. ಅದೇ ವರ್ಷ ಹಳ್ಳಿಯ ವೈದ್ಯನೊಬ್ಬನು ಸೂರ್ಯಬಿಂಬದ ಮೇಲೆ ಕಪ್ಪು ಚುಕ್ಕೆ ಹಾದುಹೋದುದನ್ನು ತಾನು ಕಂಡೆನೆಂದು ತಿಳಿಸಿದನು. ಗ್ರಹಕ್ಕೆ ವಲ್ಕನ್ ಎಂಬ ಹೆಸರೂ ಆಯಿತು.

ಹೆಸರಾದ ಮೇಲೆ ಅದು ಕಾಣತೊಡಗಿತು. 1878ರ ಜುಲೈ 29ರ ಸಂಪೂರ್ಣ ಗ್ರಹಣದಲ್ಲಿ ಅಮೆರಿಕದ ಜೇಮ್ಸ್ ವಾಟ್ಸನ್, ಇಪ್ಪತ್ತೆರಡು ಕ್ಷುದ್ರಗ್ರಹಗಳನ್ನು ಕಂಡುಹಿಡಿದಿದ್ದ ನುರಿತ ವೀಕ್ಷಕ, ಕತ್ತಲಾದ ಸೂರ್ಯನ ಪಕ್ಕದಲ್ಲಿ ಕೆಂಬಣ್ಣದ ಹೊಸ ಕಾಯವನ್ನು ಕಂಡೆನೆಂದು ದೃಢವಾಗಿ ನಂಬಿದನು. ಅದನ್ನು ಹಗಲಿನಲ್ಲಿಯೂ ನೋಡಬೇಕೆಂಬ ಛಲದಿಂದ ನೆಲವನ್ನು ಅಗೆಸಿ ನೆಲಮಾಳಿಗೆಯೊಂದನ್ನು ಕಟ್ಟಿಸುತ್ತಿರುವಾಗಲೇ 1880ರಲ್ಲಿ, ಇನ್ನೂ ನಲವತ್ತೆರಡರ ಪ್ರಾಯದಲ್ಲಿ, ತೀರಿಕೊಂಡನು. 1915ರ ನವೆಂಬರಿನಲ್ಲಿ ಐನ್‌ಸ್ಟೈನ್ ತನ್ನ ಹೊಸ ಗುರುತ್ವಸಿದ್ಧಾಂತದಿಂದ ಆ 43 ವಿಕಲೆಗಳನ್ನು ಯಾವ ಗ್ರಹದ ನೆರವೂ ಇಲ್ಲದೆ ಪಡೆದು ತೋರಿಸಿದಂದು ವಲ್ಕನ್ ಆಕಾಶದಿಂದ ಅಳಿಸಿಹೋಯಿತು. ಇಲ್ಲದ ಗ್ರಹದ ಸೆಳೆತಕ್ಕೆ ಬುಧನು ಸಿಕ್ಕಿರಲಿಲ್ಲ, ವಾಟ್ಸನ್ ಸಿಕ್ಕಿದ್ದನು.

ಕಣ್ಣು ಹೀಗೆ ಮೋಸಹೋಗುವುದೇಕೆ? ಮಂಗಳನ ಮೇಲೆ ನೇರವಾದ ಕಾಲುವೆಗಳಿವೆಯೆಂದು ಪಂಡಿತರು ನಕ್ಷೆ ಬರೆಯುತ್ತಿದ್ದ ದಿನಗಳಲ್ಲಿ, ಗ್ರೀನಿಚ್ಚಿನ ವಾಲ್ಟರ್ ಮಾಂಡರ್ ಎಂಬ ಖಗೋಳಜ್ಞನು 1903ರಲ್ಲಿ ಪ್ರಕಟಿಸಿದ ಒಂದು ಸರಳ ಪರೀಕ್ಷೆ ಇದಕ್ಕೆ ಉತ್ತರ ಕೊಡುತ್ತದೆ. ಶಾಲೆಯ ಹುಡುಗರ ಮುಂದೆ ಅವನು ಒಂದು ವೃತ್ತದ ಚಿತ್ರವನ್ನಿರಿಸಿದನು; ಅದರಲ್ಲಿ ಗೆರೆಗಳಿರಲಿಲ್ಲ, ಅಲ್ಲೊಂದು ಇಲ್ಲೊಂದು ಚುಕ್ಕೆಯೂ ಮಸುಕು ಕಲೆಯೂ ಇದ್ದವು. ಕಂಡಂತೆ ಬರೆಯಿರೆಂದಾಗ, ಚಿತ್ರದಿಂದ ಒಂದಿಷ್ಟು ದೂರದಲ್ಲಿ ಕುಳಿತ ಹುಡುಗರು ಚುಕ್ಕೆಯಿಂದ ಚುಕ್ಕೆಗೆ ನೇರವಾದ ಗೆರೆಗಳನ್ನು ಎಳೆದಿದ್ದರು. ಸ್ಪಷ್ಟವಾಗಿ ಕಾಣದಿದ್ದುದನ್ನು ಮನಸ್ಸು ತನ್ನಲ್ಲಿದ್ದ ಎಳೆಯಿಂದ ನೇಯ್ದು ಪೂರೈಸುತ್ತದೆ, ಮತ್ತು ಹಾಗೆ ನೇಯ್ದುದನ್ನು ಕಣ್ಣು ಕಂಡದ್ದೆಂದೇ ತಿಳಿಯುತ್ತದೆ. 1965ರಲ್ಲಿ ಮ್ಯಾರಿನರ್ 4 ನೌಕೆ ಮಂಗಳನ ಬಳಿ ಹಾದು ಚಿತ್ರಗಳನ್ನು ಕಳುಹಿಸಿದಾಗ ಅದರಲ್ಲಿ ಕಂಡವು ಕುಳಿಗಳು; ಕಾಲುವೆ ಒಂದೂ ಇರಲಿಲ್ಲ.

ಚುಕ್ಕೆಗಳನ್ನು ಸೇರಿಸುವ ಈ ಗುಣ ಆಕಾಶದಲ್ಲಿ ಮಾತ್ರವಲ್ಲದೆ ಬಾಳಿನಲ್ಲಿಯೂ ಕೆಲಸ ಮಾಡುತ್ತದೆ. ರಾಹುಕಾಲದಲ್ಲಿ ಹೊರಟು ಸುಖವಾಗಿ ಮರಳಿದ ನೂರು ಪ್ರಯಾಣಗಳು ಯಾರಿಗೂ ನೆನಪಿರುವುದಿಲ್ಲ. ಬಸ್ಸು ಕೆಟ್ಟು ನಿಂತ ಒಂದು ಪ್ರಯಾಣ ತಲೆಮಾರುಗಳ ಕಾಲ ಮನೆಯಲ್ಲಿ ಉಳಿಯುತ್ತದೆ.

ಒನಕೆ ಮತ್ತು ಬಸುರಿ

ಹರಿವಾಣದ ಒನಕೆಯ ಬಗೆಗೆ ದೊಡ್ಡಮ್ಮನಿಗಿದ್ದ ನಂಬಿಕೆ, ಗ್ರಹಣ ಹಿಡಿದಿರುವಷ್ಟು ಹೊತ್ತು ಮಾತ್ರ ಅದು ನಿಲ್ಲುವುದು, ಮೋಕ್ಷವಾದೊಡನೆ ತಾನಾಗಿ ಬೀಳುವುದು ಎಂಬುದಾಗಿತ್ತು. ಅದರ ಬುಡದಲ್ಲಿ ಕಬ್ಬಿಣದ ಅಣಸು ಸವೆದು ಸಪಾಟಾಗಿದ್ದುದನ್ನು ನಾನು ನೋಡಿದ್ದೆನು. ಯಾವ ವಸ್ತುವಾದರೂ ಅದರ ಗುರುತ್ವಕೇಂದ್ರದಿಂದ ಇಳಿಬಿಟ್ಟ ನೂಲು ಬುಡದ ಅಗಲದೊಳಗೇ ಬೀಳುವಷ್ಟು ಕಾಲ ನಿಂತೇ ಇರುತ್ತದೆ. ಹರಿವಾಣದ ಮಟ್ಟಸವಾದ ತಳವೂ ನಿಲ್ಲಿಸುವವರ ತಾಳ್ಮೆಯೂ ಅದಕ್ಕೆ ಸಾಕು. ಮರುದಿನ ಬೆಳಗ್ಗೆ, ಗ್ರಹಣವೂ ಪರ್ವವೂ ಇಲ್ಲದ ಹೊತ್ತಿನಲ್ಲಿ, "ದೊಡ್ಡಮ್ಮಾ, ಇವತ್ತೊಮ್ಮೆ ನಿಲ್ಲಿಸಿ ನೋಡುವಾ" ಎಂದು ಕೇಳಿಕೊಂಡೆನು. ಅವರೇ ಎರಡು ಕೈಯಲ್ಲಿ ಹಿಡಿದು, ಮೂರು ಸಲ ಸರಿಪಡಿಸಿ, ಮೆಲ್ಲನೆ ಕೈಬಿಟ್ಟರು. ಒನಕೆ ನಿಂತಿತು. ಅವರು ಮಾತಾಡದೆ ಬಹಳ ಹೊತ್ತು ಅದನ್ನೇ ನೋಡಿದರು, ತರುವಾಯ "ನಿನ್ನೆ ಬಿದ್ದದ್ದು ನಾನು ಮುಟ್ಟಿದ್ದಕ್ಕೆ ಕಾಣ್ತದೆ" ಎಂದರು. ಎಪ್ಪತ್ತು ದಾಟಿದ ಆ ವಯಸ್ಸಿನಲ್ಲಿ, ತಾನು ಕಂಡದ್ದನ್ನು ತಾನೇ ಮರಳಿ ತೂಗಿನೋಡಿದ ಆ ಹಿರಿಯರ ಮನಸ್ಸು ಯಾವ ವಿಜ್ಞಾನಿಯ ಮನಸ್ಸಿಗೂ ಕಡಿಮೆಯಾದುದಲ್ಲವೆಂದು ನನಗೆ ತೋರಿತು.

ಒನಕೆಯ ವಿಷಯ ಸಣ್ಣದು. ಬಸುರಿಯ ವಿಷಯ ಸಣ್ಣದಲ್ಲ. ಗ್ರಹಣದ ಹೊತ್ತು ಬಸುರಿ ಹೊರಗೆ ಬಂದರೆ, ಏನನ್ನಾದರೂ ಕೊಯ್ದರೆ, ಹುಟ್ಟುವ ಮಗುವಿಗೆ ಸೀಳುತುಟಿಯಾಗುವುದೆಂಬ ಮಾತು ನಮ್ಮ ದೇಶದ ಮೂಲೆಮೂಲೆಯಲ್ಲಿಯೂ ಇದೆ. ಶಿಶುವಿನ ಮೇಲುತುಟಿ ಎರಡು ಕಡೆಯಿಂದ ಬೆಳೆದು ಬಂದು ಬೆಸೆದುಕೊಳ್ಳುವುದು ಗರ್ಭದ ನಾಲ್ಕರಿಂದ ಏಳನೆಯ ವಾರಗಳ ನಡುವೆ, ಎಷ್ಟೋ ತಾಯಂದಿರಿಗೆ ತಾವು ಬಸುರಿಯೆಂಬುದೇ ಇನ್ನೂ ಖಚಿತವಾಗದ ದಿನಗಳಲ್ಲಿ. ಆ ಬೆಸುಗೆ ತಪ್ಪುವುದಕ್ಕೆ ವಂಶದ ಗುಣ, ಕೆಲವು ಔಷಧಗಳು, ತಂಬಾಕಿನ ಹೊಗೆ, ಹತೋಟಿಯಿಲ್ಲದ ಸಕ್ಕರೆ ಕಾಯಿಲೆ ಮುಂತಾದ ಕಾರಣಗಳು ಕೂಡಿಕೊಳ್ಳುತ್ತವೆ. ಒಳಕೋಣೆಯಲ್ಲಿ ಮಲಗಿದ್ದ ಆ ಸೊಸೆಗೆ ಆರು ತಿಂಗಳು. ಅವಳ ಮಗುವಿನ ತುಟಿ ಎಂದೋ ಕೂಡಿಕೊಂಡಾಗಿತ್ತು. ಇನ್ನು, ಸೀಳುತುಟಿಯ ಮಗು ಹುಟ್ಟಿದ ಮನೆಯಲ್ಲಿ, ಮೊದಲ ತಿಂಗಳುಗಳಲ್ಲಿಯೇ ಶಸ್ತ್ರಚಿಕಿತ್ಸೆಯಿಂದ ಸರಿಪಡಿಸಬಹುದಾದ ಆ ಊನವನ್ನು ಮುಂದಿಟ್ಟುಕೊಂಡು, ಅಂದು ನೀನು ಅಂಗಳಕ್ಕೆ ಇಳಿದೆಯಲ್ಲ ಎಂದು ತಾಯಿಯನ್ನು ಕೇಳುವವರಿದ್ದಾರೆ. ಕೇಳುವವರಿಲ್ಲದಿದ್ದರೂ ಅವಳು ತನ್ನನ್ನು ತಾನೇ ಕೇಳಿಕೊಳ್ಳುತ್ತ ಬಾಳು ಸವೆಸುತ್ತಾಳೆ. ದೇಹವಿಲ್ಲದ ಗ್ರಹದ ನಿಜವಾದ ಗ್ರಾಸ ಇದು. ಆಕಾಶದ ಗ್ರಹಣಕ್ಕೆ ಮೋಕ್ಷಕಾಲವುಂಟು. ಈ ಗ್ರಹಣಕ್ಕೆ, ಯಾರಾದರೂ ಅವಳ ಬಳಿ ಕುಳಿತು ಸತ್ಯವನ್ನು ಹೇಳುವವರೆಗೆ, ಮೋಕ್ಷವೇ ಇಲ್ಲ.

ಹಳೆಯ ಎಚ್ಚರಿಕೆಗಳಲ್ಲಿ ಒಂದನ್ನು ಮಾತ್ರ ನಾವು ಉಳಿಸಿಕೊಳ್ಳಲೇಬೇಕು: ಗ್ರಹಣದ ಸೂರ್ಯನನ್ನು ಬರಿಗಣ್ಣಿನಿಂದ ನೋಡಬಾರದು. ಸೂರ್ಯನಿಂದ ಅಂದು ಹೊಸ ವಿಷವೇನೂ ಹೊರಡುವುದಿಲ್ಲ. ಆದರೆ ಬೆಳಕು ಕುಗ್ಗಿದುದರಿಂದ ಕಣ್ಣು ಧೈರ್ಯಗೊಂಡು ದಿಟ್ಟಿಸುತ್ತದೆ, ನೋವಿನ ನರಗಳಿಲ್ಲದ ಅಕ್ಷಿಪಟಲ ಸುಡುತ್ತಿರುವುದು ಅದಕ್ಕೆ ತಿಳಿಯುವುದಿಲ್ಲ. ಅರಸಿನದ ನೀರಿನಲ್ಲಿ, ಸಗಣಿಯ ನೀರಿನಲ್ಲಿ ಬಿಂಬವನ್ನು ನೋಡುವ ರೂಢಿಯೂ ಪೂರ್ತಿ ಕ್ಷೇಮವಲ್ಲ. ಅದಕ್ಕೆಂದೇ ಮಾಡಿದ ಶೋಧಕದ ಕನ್ನಡಕ, ಇಲ್ಲವೇ ವೆಲ್ಡಿಂಗಿನ 14ನೆಯ ನಂಬರಿನ ಗಾಜು, ಇಲ್ಲವೇ ಎಲ್ಲಕ್ಕಿಂತ ಸುಲಭವಾದ ಒಂದು ಸಣ್ಣ ರಂಧ್ರ, ಇವಿಷ್ಟೇ ನಂಬಿಕೆಗೆ ಯೋಗ್ಯ.

ಬಿಸಿಲುಕೋಲು

ಆ ರಂಧ್ರವನ್ನು ನಾನು ಹುಡುಕಬೇಕಾಗಿ ಬರಲಿಲ್ಲ. ಒಂಬತ್ತು ಗಂಟೆ ದಾಟಿ, ಅಂಗಳದ ಬಿಸಿಲು ಬೂದಿ ಬೆರೆತಂತೆ ಮಂಕಾಗಿ, ತೋಟದ ಹಕ್ಕಿಗಳ ದನಿ ತಗ್ಗಿದ ಹೊತ್ತಿನಲ್ಲಿ, ಒಳಕೋಣೆಯಿಂದ ಸೊಸೆಯ ಕೂಗು ಕೇಳಿಸಿತು: "ಅತ್ತೇ, ಒಮ್ಮೆ ಇಲ್ಲಿ ಬನ್ನಿ, ಗೋಡೆಯಲ್ಲಿ ನೋಡಿ!" ದೊಡ್ಡಮ್ಮ ಗಾಬರಿಯಿಂದ ಎದ್ದು ಒಳಗೆ ಹೋದರು, ಹಿಂದಿನಿಂದ ನಾನೂ ಹೋಗಿ ಬಾಗಿಲಲ್ಲಿ ನಿಂತೆನು.

ಮಾಡಿನ ಎರಡು ಹೆಂಚುಗಳ ಸಂದಿನಿಂದ ಒಂದು ಬಿಸಿಲುಕೋಲು ಕತ್ತಲನ್ನು ಸೀಳಿಕೊಂಡು ಇಳಿದಿತ್ತು. ಅದು ಸುಣ್ಣ ಬಳಿದ ಎದುರುಗೋಡೆಯನ್ನು ಮುಟ್ಟಿದಲ್ಲಿ, ಅಡಿಕೆಯ ಗಾತ್ರದ, ಬಿದಿಗೆಯ ಚಂದ್ರನಂತೆ ಬಾಗಿದ ಬೆಳಕಿನ ಕೊಂಬೊಂದು ಮೂಡಿತ್ತು. ದಿನನಿತ್ಯ ಅದೇ ಸಂದಿನಿಂದ ಬೀಳುವ ಬೆಳಕು ದುಂಡಗಿರುತ್ತದೆ. ಸಂದು ದುಂಡಗಿರುವುದರಿಂದ ಹಾಗಲ್ಲ, ಸೂರ್ಯನು ದುಂಡಗಿರುವುದರಿಂದ. ಸಣ್ಣ ರಂಧ್ರದ ಮೂಲಕ ಬರುವ ಬೆಳಕು ತನ್ನ ಮೂಲದ ಬಿಂಬವನ್ನೇ ತಲೆಕೆಳಗಾಗಿ ಗೋಡೆಯ ಮೇಲೆ ಬರೆಯುತ್ತದೆ. ಚಂದ್ರನು ಮುಚ್ಚುತ್ತ ಹೋದಂತೆ ಗೋಡೆಯ ಆ ಕೊಂಬು ತೆಳ್ಳಗಾಗುತ್ತ, ಬಳಿಕ ಮೆಲ್ಲನೆ ತುಂಬುತ್ತ ಬಂದಿತು. ಭೀತಿ ಮುಚ್ಚಿದ ಕಿಟಕಿಗಳೇ ಆ ಕೋಣೆಯನ್ನು ಕ್ಷೇಮವಾದ ವೀಕ್ಷಣಾಲಯವಾಗಿ ಮಾಡಿದ್ದವು. ಕಿಟಕಿ ತೆರೆದಿದ್ದರೆ ಆ ಬಿಂಬ ಬೆಳಕಿನಲ್ಲಿ ಕರಗಿಹೋಗುತ್ತಿತ್ತು.

ಸೊಸೆ ಎದ್ದು ಕುಳಿತಿದ್ದಳು. ಮಲಗೆಂದು ಹೇಳುವುದನ್ನು ದೊಡ್ಡಮ್ಮ ಮರೆತಿದ್ದರು. "ಇದು ಸೂರ್ಯದೇವರೇ?" ಎಂದು ಅವರು ಕೇಳಿದರು, ಅಹುದೆಂದೆನು. "ತಿನ್ನುವವ ಎಲ್ಲಿ?" ಎಂದರು. ಕಪ್ಪಾಗಿ ಬಾಗಿದ ಅಂಚನ್ನು ಬೆರಳಿನಿಂದ ತೋರಿಸಿ, ಅದು ಚಂದ್ರನ ಅಂಚು, ಅಲ್ಲಿ ಇನ್ನಾರೂ ಇಲ್ಲ ಎಂದೆನು. ಅವರು ಸೊಸೆಯ ಪಕ್ಕದಲ್ಲಿಯೇ ಚಾಪೆಯ ಮೇಲೆ ಕುಳಿತುಕೊಂಡರು. ಕೊಂಬು ಮತ್ತೆ ದುಂಡಗಾಗುವ ತನಕ, ಮೋಕ್ಷದ ತನಕ, ಅತ್ತೆಸೊಸೆಯರಿಬ್ಬರೂ ಗೋಡೆಯಿಂದ ಕಣ್ಣು ಕೀಳಲಿಲ್ಲ. ಆಮೇಲೆ ದೊಡ್ಡಮ್ಮ ಎದ್ದು, ಚಾವಡಿಯ ಒನಕೆಯನ್ನು ಬದಿಗೆ ಸರಿಸಹೋದಾಗ, ಕೈತಾಗಿ ಅದು ಬಿದ್ದಿತು. ಬಳಿಕ ಅವರು ಸ್ನಾನಕ್ಕೆ ಬಚ್ಚಲಿಗೆ ಹೋದರು. ರೂಢಿಯನ್ನು ಅವರು ಬಿಡಲಿಲ್ಲ, ಬಿಡಬೇಕೆಂದು ನಾನು ಹೇಳಲೂ ಇಲ್ಲ.

2031ರ ಮೇ 21ರಂದು ಇನ್ನೊಂದು ಕಂಕಣಗ್ರಹಣ ಕೇರಳದ ತೆಂಕಣ ಭಾಗದ ಮೇಲೆ ಹಾದುಹೋಗಲಿದೆ. ಸಿದ್ಧಕಟ್ಟೆಗೂ ಅದರ ಖಂಡಗ್ರಾಸ ಕಾಣಿಸೀತು. ಮಳೆಗಾಲ ಇನ್ನೂ ಹಿಡಿಯದ ದಿನಗಳವು. ಅಂದು ಕತ್ತಲ ಕೋಣೆಯೊಳಗೆ ತಾಯಿಯ ಗರ್ಭದಲ್ಲಿದ್ದ ಆ ಮಗುವಿಗೆ ಆಗ ಹನ್ನೊಂದು ವರ್ಷ ತುಂಬಿರುತ್ತದೆ. ಕಿಟಕಿಯನ್ನು ಮುಚ್ಚಿ, ಹೆಂಚಿನ ಸಂದನ್ನು ತೆರೆದಿಟ್ಟು, ಗೋಡೆಯ ಮೇಲೆ ಎಲ್ಲಿ ನೋಡಬೇಕೆಂಬುದನ್ನು ಅದಕ್ಕೆ ತೋರಿಸಿಕೊಡಲು ಆ ಮನೆಯಲ್ಲಿ ಈಗ ಬಲ್ಲವರಿದ್ದಾರೆ.